ಬರಿಗಾಲಿನ ಪಂದ್ಯ

ಬಿಳಿ ದೊರೆಗಳ ಕಾಲದ ಮಾತು. ನಮ್ಮೂರ ಕಾಲೇಜಿನ ಹುಡುಗರು ಬರಿಗಾಲಲ್ಲೇ ಫುಟ್‌ಬಾಲ್ ಆಡುತ್ತಿದ್ದರು. ಆ ವರ್ಷ ಆರು ಪಂದ್ಯ ಗೆದ್ದಿದ್ದರು. ಕೊನೆಯದು ದಂಡಿನ ಕ್ಲಬ್ಬಿನ ಮೇಲೆ. ಗೆದ್ದವರಿಗೆ ಬೆಳ್ಳಿ ಕಪ್.

ಆಟಕ್ಕೆ ಕಾಲು ಗಂಟೆ ಇತ್ತು. ಕ್ಲಬ್ಬಿನ ನಾಯಕ ಫಿಂಚ್ ದೊರೆ ನಿಯಮದ ಪುಸ್ತಕ ಹಿಡಿದು ಬಂದ.

"ಬೂಟಿಲ್ಲದವರ ಜೊತೆ ನಾವು ಆಡುವುದಿಲ್ಲ. ಬೂಟು ಹಾಕಿ, ಇಲ್ಲ ಕಪ್ ಬಿಡಿ" ಅಂದ.

ಹುಡುಗರು ತಮ್ಮ ಬರಿಗಾಲು ನೋಡಿಕೊಂಡರು. ರೆಫರಿ ಗಡಿಯಾರ ನೋಡಿದ.

ಕಾಲೇಜಿನ ಜವಾನ ಅರಿಸಿನದ ಬಟ್ಟಲು ಹಿಡಿದು ಅಲ್ಲೇ ನಿಂತಿದ್ದ. ಹುಡುಗರ ಕಾಲಿನ ಗಾಯಕ್ಕೆ ಅರಿಸಿನ ಹಚ್ಚುವುದು ಅವನ ಹೆಂಡತಿಯ ಕೆಲಸವಾಗಿತ್ತು. ಯುಗಾದಿಗೆ ಮುಂಚೆ ಅವಳು ತೀರಿಕೊಂಡಳು. ಆಮೇಲೆ ಇವನೇ ಹಚ್ಚುತ್ತಿದ್ದ. ಬೂಟಿನ ಮೊಳೆ ಗೀರಿದ ಗಾಯ ಹೇಗಿರುತ್ತದೆ ಅಂತ ಅವನಿಗೆ ಗೊತ್ತಿತ್ತು.

ಅವನು ರೆಫರಿಗೆ ಕೈ ಮುಗಿದ. "ಪುಸ್ತಕದಂತೆಯೇ ಆಗಲಿ ಸ್ವಾಮಿ. ಕಾಲಡಿ ಮೊಳೆ ಎದ್ದವರು ಆಡಬಾರದು ಅಂತಲೂ ಅದರಲ್ಲಿದೆಯಂತೆ. ಮೇಷ್ಟ್ರು ಓದಿ ಹೇಳಿದ್ದರು. ಮೊದಲು ನಮ್ಮ ಹುಡುಗರ ಕಾಲು ನೋಡಿಬಿಡಿ."

ಹುಡುಗರು ಸಾಲಾಗಿ ಕೂತು ಕಾಲೆತ್ತಿದರು. ಮಣ್ಣು ಬಿಟ್ಟು ಏನೂ ಸಿಗಲಿಲ್ಲ.

"ಇನ್ನು ದೊರೆಗಳ ಕಡೆಯವರು" ಅಂದ ಜವಾನ.

"ನಾವೇನು ಲಾಳ ಕಟ್ಟಿಸಿಕೊಳ್ಳೋ ಕುದುರೆಗಳೇನೋ?" ಅಂದ ಫಿಂಚ್.

"ಎತ್ತಿ" ಅಂದ ರೆಫರಿ.

ಹನ್ನೊಂದು ಜೊತೆ ಬೂಟಿನಲ್ಲೂ ಮೊಳೆ ಎದ್ದು ನಿಂತಿತ್ತು. ರೆಫರಿ ಪುಸ್ತಕ ತಿರುವಿದ. ಮೊಳೆ ಕೂಡದು ಅಂತ ಇತ್ತು. ಬೂಟು ಹಾಕಲೇಬೇಕು ಅಂತ ಎಲ್ಲೂ ಇರಲಿಲ್ಲ.

"ಬಿಚ್ಚಿ" ಅಂದ.

ಫಿಂಚ್ ಕೆಂಪಗಾಗಿ ನಿಂತ. ಜವಾನ ಹತ್ತಿರ ಹೋಗಿ ಮೆಲ್ಲಗೆ ಅಂದ:

"ಬೂಟಿಲ್ಲದವರ ಜೊತೆ ಆಡೋಕೆ ನಮಗೇನೂ ಬೇಜಾರಿಲ್ಲ, ದೊರೆ."