ಗ್ರೀಕಿನಲ್ಲಿಲ್ಲದ ಸಾಲು

ಹೊಳೆಯ ದಂಡೆಯ ಸಣ್ಣದೊಂದು ಮಠದಲ್ಲಿ ಬೋನಿಫಾಸ್ ಪಾದ್ರಿಗಳೆಂಬ ಗುರುಗಳಿದ್ದರು. ಲ್ಯಾಟಿನ್ ಅವರಿಗೆ ನೀರು ಕುಡಿದಷ್ಟು ಸಲೀಸು.

ಅವರ ಶಿಷ್ಯ ಇನಾಸ. ಜಾಣ, ಅದರಲ್ಲಿ ಎರಡು ಮಾತಿಲ್ಲ. ಆದರೆ ಪುಸ್ತಕದಲ್ಲಿ ತಪ್ಪು ಕಂಡರೆ ಸಾಕು, ಇಲಿ ಕಂಡ ಬೆಕ್ಕಾಗಿಬಿಡುತ್ತಿದ್ದ.

ಇಬ್ಬರೂ ಕೂಡಿ ಹಳೆಯದೊಂದು ವೈದ್ಯಗ್ರಂಥದ ಶುದ್ಧಪ್ರತಿ ಮಾಡುತ್ತಿದ್ದರು. ಗ್ರೀಕ್ ವೈದ್ಯನೊಬ್ಬ ಬರೆದದ್ದನ್ನು ರೋಮಿನವನು ಯಾರೋ ಲ್ಯಾಟಿನ್ನಿಗೆ ತಂದಿದ್ದ. ಎರಡನ್ನೂ ಮುಂದಿಟ್ಟುಕೊಂಡು ಸಾಲು ಸಾಲಾಗಿ ಹೋಲಿಸುತ್ತಿದ್ದರು.

ಸಾವಿನ ಲಕ್ಷಣಗಳ ಅಧ್ಯಾಯ ಬಂತು. ಇನಾಸ ತಲೆಯೆತ್ತಿದ.

"ಗುರುಗಳೇ, ಇಲ್ಲೊಂದು ಸಾಲು ಹೆಚ್ಚಿಗೆ ಇದೆ. 'ಕಿವಿ ಎಲ್ಲಕ್ಕಿಂತ ಕೊನೆಗೆ ಹೋಗುತ್ತದೆ. ವೈದ್ಯನೇ, ಸತ್ತಂತೆ ಕಾಣುವವನ ಬಳಿ ಕೂತು ಮಾತಾಡು.' ಗ್ರೀಕಿನಲ್ಲಿ ಇದು ಇಲ್ಲವೇ ಇಲ್ಲ. ಹೊಡೆದು ಹಾಕಲೇ?"

"ಲ್ಯಾಟಿನ್ನಿನವನು ಯಾಕೆ ಸೇರಿಸಿದ?"

"ಯಾರಿಗೆ ಗೊತ್ತು!"

"ಅವನನ್ನೇ ಕೇಳು."

"ಅಯ್ಯೋ, ಅವನು ಸತ್ತು ಸಾವಿರ ವರ್ಷದ ಮೇಲಾಯಿತು!"

"ಅದಕ್ಕೇ ಕೇಳು ಅಂದೆ," ಎಂದರು ಗುರುಗಳು. "ನಾನಿರುವಷ್ಟು ದಿನ ಆ ಸಾಲು ಇರಲಿ. ಆಮೇಲೆ ನಿನ್ನಿಷ್ಟ."

ಆ ಮಳೆಗಾಲ ಮುಗಿಯುವುದರೊಳಗೆ ಗುರುಗಳು ಜ್ವರದಲ್ಲಿ ಹಾಸಿಗೆ ಹಿಡಿದರು.

ಇನಾಸನಿಗೆ ಎದೆ ಒಡೆದಂತಾಯಿತು. ತಂದೆ ತಾಯಿ ಇಲ್ಲದವನನ್ನು ಸಾಕಿದವರು ಅವರು. ಆದರೂ ಏನು ಮಾಡಿದ ಗೊತ್ತೇ, ಪುಣ್ಯಾತ್ಮ? ಅಧ್ಯಾಯ ತೊಡೆಯ ಮೇಲಿಟ್ಟುಕೊಂಡು ಲಕ್ಷಣ ನೋಡುತ್ತಾ ಕೂತ.

"ಮೂಗು ಚೂಪಾಗಿದೆ. ಕಣ್ಣು ಒಳಗೆ ಹೋಗಿದೆ. ಕಿವಿ ತಣ್ಣಗಾಗಿದೆ. ಎಲ್ಲ ಸರಿಯಾಗಿ ಬರೆದಿದ್ದಾನೆ ಗ್ರೀಕಿನವನು."

ಮಠದ ಅಡುಗೆಯಾಕೆ ಕಾರ್ಮಿನ್‌ಬಾಯಿಗೆ ತಡೆಯಲಾಗಲಿಲ್ಲ. "ಓದಿದ್ದು ಸಾಕು ಮಾರಾಯ! ಅವರ ಹತ್ತಿರ ಒಂದು ಮಾತಾದರೂ ಆಡು!"

ಇನಾಸ ಕೋಳಿಯ ಗರಿಯೊಂದನ್ನು ಗುರುಗಳ ಮೇಲ್ದುಟಿಯ ಮೇಲೆ, ಮೂಗಿನ ಬಳಿ ಇಟ್ಟ. ಅದು ಅಲುಗಲಿಲ್ಲ.

"ಇನ್ನು ಯಾರ ಹತ್ತಿರ ಮಾತಾಡಲಿ ಕಾರ್ಮಿನ್‌ಬಾಯಿ? ಮುಗಿಯಿತು."

ಆಕೆ ಅಳುತ್ತಾ ಗಂಟೆ ಹೊಡೆಯಲು ಹೋದಳು.

ಹೊರಗೆ ಮಳೆ ಬಿಟ್ಟು ನಡುಮಧ್ಯಾಹ್ನದ ಬಿಸಿಲು ಸುಡುತ್ತಿತ್ತು. ಒಳಗೆ ಮಾತ್ರ ಬಾವಿಯ ತಳದ ಹಾಗೆ ಚಳಿ. ಹೊಳೆಯ ಸದ್ದೂ ನಿಂತುಹೋಗಿತ್ತು. ಇನಾಸನಿಗೆ ತನ್ನ ಉಸಿರೇ ದೊಡ್ಡದಾಗಿ ಕೇಳಿಸಿ ಹೆದರಿಕೆಯಾಯಿತು.

ಕೈಗೆ ಏನಾದರೂ ಕೆಲಸ ಬೇಕಾಗಿತ್ತು. ಆ ಹೆಚ್ಚಿನ ಸಾಲಿದ್ದ ಹಾಳೆ ತೆಗೆದ, ಲೇಖನಿ ಅದ್ದಿದ.

"ನೀವಿರುವಷ್ಟು ದಿನ ಅಂದಿದ್ದಿರಿ," ಎಂದ ಹಾಸಿಗೆಯ ಕಡೆ ತಿರುಗಿ. "ಇನ್ನು ಬೇಡ ಅನ್ನಲಿಕ್ಕೆ ಯಾರಿದ್ದಾರೆ, ಗುರುಗಳೇ?"

ಲೇಖನಿ ಸಾಲಿನ ಮೇಲೆ ಇಳಿಯಿತು.

ಮೂಗಿನ ಬಳಿಯ ಗರಿ ಅಲುಗಲಿಲ್ಲ. ತುಟಿಯೂ ಅಲುಗಲಿಲ್ಲ. ದನಿ ಮಾತ್ರ ಬಂತು.

"ಹೊಡೀಬೇಡ ಇನಾಸ. ಕೇಳಿಸ್ತಾ ಇದೆ. ಇನ್ನೊಂಚೂರು ಮಾತಾಡು."