ಮೂರನೆಯ ಬಿಲ್ಲೆ

"ಮೇಷ್ಟ್ರೇ, ಸೆಮಫೋರಿನ ಲೆಕ್ಕ ಸೊನ್ನೆಗೆ ಇಳಿದು ಎಲ್ಲರೂ ಕಾಯುತ್ತಲೇ ನಿಂತರೆ, ಹೊರಗಿನಿಂದ ನಾವೇ ಒಂದು ಸೇರಿಸಿಬಿಟ್ಟರೆ ತಪ್ಪೇನು?"

ಕೇಳಿದವನು ಯಶೋಧರ. ಕೇಳಿಸಿಕೊಂಡವರು ಬೋರಲಿಂಗಯ್ಯ ಮೇಷ್ಟ್ರು, ಪಾಲಿಟೆಕ್ನಿಕ್ಕಿನಲ್ಲಿ ಅವನಿಗೆ ಪ್ರೋಗ್ರಾಮಿಂಗ್ ಕಲಿಸಿದವರು.

ಯಶೋಧರನಿಗೆ ಮೂರು ದಿನದಿಂದ ತಲೆ ಕೆಟ್ಟಿತ್ತು. ಊರಿನ ಆಸ್ಪತ್ರೆಯೊಂದರಲ್ಲಿ ಡಯಾಲಿಸಿಸ್ ಯಂತ್ರಗಳು ಎರಡೇ, ರೋಗಿಗಳು ಹಲವರು. ಸರದಿ ನೋಡಿಕೊಳ್ಳುವ ಪ್ರೋಗ್ರಾಂ ಅವನದು. ಅದರಲ್ಲಿ ಒಬ್ಬೊಬ್ಬ ರೋಗಿಗೂ ಒಂದೊಂದು ಥ್ರೆಡ್. ಎಲ್ಲವೂ ಒಟ್ಟಿಗೆ ಓಡುತ್ತವೆ. ಅವು ಒಂದರ ಮೇಲೊಂದು ಬೀಳದಂತೆ ಕಾಯುವುದು ಸೆಮಫೋರ್. ಅದರ ಬಳಿ ಇರುವುದು ಎರಡು ಅನುಮತಿ. ಅನುಮತಿ ಸಿಕ್ಕ ಥ್ರೆಡ್ಡು ಯಂತ್ರಕ್ಕೆ ತೊಳೆದುಕೊಳ್ಳಲು ಆಜ್ಞೆ ಕೊಟ್ಟು ತನ್ನ ರೋಗಿಯನ್ನು ಕರೆಯುತ್ತದೆ, ಕೆಲಸ ಮುಗಿದ ಮೇಲೆ ಅನುಮತಿಯನ್ನು ಹಿಂದಿರುಗಿಸುತ್ತದೆ. ಪರೀಕ್ಷೆಗೆಂದು ಓಡಿಸಿದ ಮೂರು ದಿನವೂ ಅದು ಮಧ್ಯಾಹ್ನದ ಹೊತ್ತಿಗೆ ನಿಂತುಹೋಗಿತ್ತು. ಒಳಗೆ ಯಂತ್ರ ಖಾಲಿ, ಹೊರಗೆ ಬೆಂಚು ಭರ್ತಿ. ಆ ಬೆಂಚಿನ ಮೇಲೆ ಕಾಲು ಊದಿಸಿಕೊಂಡು ಕೂತವರಲ್ಲಿ ಅವನ ಸೋದರಮಾವನೂ ಒಬ್ಬ.

ಕೊನೆಗೆ ಅವನು ರೋಸಿಹೋಗಿ ಒಂದು ಸಾಲು ಬರೆದಿದ್ದ. ಬಹಳ ಹೊತ್ತು ಯಾರಿಗೂ ಅನುಮತಿ ಸಿಗದಿದ್ದರೆ ಹೊಸದೊಂದನ್ನು ಸೇರಿಸು. ಪ್ರೋಗ್ರಾಂ ನೀರು ಹರಿದಂತೆ ಓಡಿತು. ನಾಳೆ ಬೆಳಿಗ್ಗೆ ಅದನ್ನು ಆಸ್ಪತ್ರೆಗೆ ಒಪ್ಪಿಸಬೇಕು.

"ಮೊದಲಿನ ಅನುಮತಿ ಎಲ್ಲಿ ಹೋಯಿತು ಅಂತ ಹುಡುಕಿದೆಯಾ?" ಎಂದು ಮೇಷ್ಟ್ರು ಕೇಳಿದರು.

"ಹುಡುಕೋಕೆ ಪುರುಸೊತ್ತೆಲ್ಲಿ ಮೇಷ್ಟ್ರೇ? ಜನ ಅಲ್ಲಿ ಸಾಯ್ತಾ ಕೂತಿದ್ದಾರೆ. ಈಗ ಓಡ್ತಾ ಇದೆಯಲ್ಲ!"

ಮೇಷ್ಟ್ರು ಹಣೆ ಚಚ್ಚಿಕೊಂಡರು. "ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕಿದರಂತೆ. ಮೂವತ್ತು ವರ್ಷ ನಿಮ್ಮಂಥವರಿಗೆ ಹೇಳಿ ಹೇಳಿ ನನ್ನ ಗಂಟಲು ಹರಿಯಿತು. ಕೂತುಕೋ," ಎಂದು ಕತೆ ಶುರು ಮಾಡಿದರು.

ಒಂದು ಊರು. ಊರಿಗೆ ಒಂದೇ ಆಲೆಮನೆ. ಅದರಲ್ಲಿ ಕಬ್ಬಿನ ಹಾಲು ಕಾಯಿಸಲು ಎರಡು ಕೊಪ್ಪರಿಗೆ. ಆಲೆಮನೆ ನೋಡಿಕೊಳ್ಳುತ್ತಿದ್ದವಳು ಒಬ್ಬ ಮುದುಕಿ. ಅವಳು ಬಾಗಿಲ ಗೂಟಕ್ಕೆ ಮರದ ಬಿಲ್ಲೆ ಎರಡು ತೂಗುಹಾಕಿದ್ದಳು. ಬಿಲ್ಲೆ ತೆಗೆದುಕೊಂಡವನು ಒಳಗೆ ಹೋಗಬೇಕು. ಬೆಲ್ಲ ಇಳಿಸಿ, ಕೊಪ್ಪರಿಗೆ ತೊಳೆದು, ಬಿಲ್ಲೆಯನ್ನು ಮತ್ತೆ ಗೂಟಕ್ಕೆ ಹಾಕಬೇಕು. ಗೂಟ ಖಾಲಿ ಇದ್ದರೆ ಹೊರಗೆ ಕೂರಬೇಕು. ಒಳಗೆ ಇಣುಕುವಂತಿಲ್ಲ. ಪಾಕಕ್ಕೆ ದೃಷ್ಟಿ ತಗಲುತ್ತದೆ, ಪರರ ಕೊಪ್ಪರಿಗೆಗೆ ಕಣ್ಣು ಹಾಕಬಾರದು ಎಂಬುದು ಆ ಊರಿನ ಕಟ್ಟು. ಇಣುಕುವ ಅಗತ್ಯವೂ ಇರಲಿಲ್ಲ ಅನ್ನು. ಬಿಲ್ಲೆ ಸಿಕ್ಕಿತು ಎಂದರೆ ಒಂದು ಕೊಪ್ಪರಿಗೆ ಖಾಲಿ ಎಂದೇ ಅರ್ಥ. ಎಷ್ಟೋ ವರ್ಷ ಯಾರೂ ಯಾರೊಂದಿಗೂ ಜಗಳವಾಡಲಿಲ್ಲ.

ಒಂದು ದಿನ ಒಬ್ಬ ರೈತನ ಪಾಕ ಸೀದುಹೋಯಿತು. ಹೊರಗೆ ಕೂತವರಿಗೆ ಏನೆಂದು ಮುಖ ತೋರಿಸುವುದು? ಸೀದದ್ದನ್ನು ಕೆರೆದು ಚೆಲ್ಲಿ, ಹಿಂದಿನ ಬಾಗಿಲಿನಿಂದ ನುಸುಳಿ ಮನೆ ಸೇರಿದ. ಅವಮಾನದಲ್ಲಿ ಸೊಂಟಕ್ಕೆ ಸಿಕ್ಕಿಸಿಕೊಂಡಿದ್ದ ಬಿಲ್ಲೆ ನೆನಪಾಗಲಿಲ್ಲ.

ಒಳಗೆ ಕೊಪ್ಪರಿಗೆ ತಣ್ಣಗೆ ಕೂತಿತ್ತು. ಹೊರಗೆ ಜನ ಗೂಟ ನೋಡುತ್ತ ಕೂತಿದ್ದರು.

ಅವರಲ್ಲಿ ಇನ್ನೊಬ್ಬ ರೈತ. ಕಬ್ಬು ಅರೆಸಿ ಆಗಿತ್ತು, ಹಾಲು ಬಾನಿಯಲ್ಲಿತ್ತು, ಬಿಸಿಲು ಏರುತ್ತಿತ್ತು. ಹುಳಿ ಬಂದ ಹಾಲನ್ನು ಎಷ್ಟು ಕಾಯಿಸಿದರೂ ಬೆಲ್ಲ ಅಚ್ಚಿನಲ್ಲಿ ನಿಲ್ಲುವುದಿಲ್ಲ. ಅವನು ಕೂತ, ಎದ್ದ, ಮತ್ತೆ ಕೂತ. ಕಡೆಗೆ ಮುದುಕಿಯ ಮೇಲೆ ಹರಿಹಾಯ್ದ.

"ಏನಜ್ಜೀ ಇದು? ಇನ್ನೊಂದು ಬಿಲ್ಲೆ ಎಲ್ಲಿ?"

"ತಕ್ಕೊಂಡವನ ಹತ್ತಿರ ಇರ್ತದೆ. ಹೋಗಿ ಹುಡುಕು. ನನ್ನ ಮೇಲೆ ಯಾಕಪ್ಪಾ ಕೂಗ್ತೀಯ?"

"ನಾನು ಊರೆಲ್ಲ ಹುಡುಕಿ ಬರೋ ಹೊತ್ತಿಗೆ ನನ್ನ ಹಾಲು ವಿಷ ಆಗಿರ್ತದೆ!"

ಅವನು ಮಚ್ಚು ತೆಗೆದ. ಬೇಲಿಯ ಕೊಂಬೆಯೊಂದನ್ನು ಕಡಿದು ಅಲ್ಲೇ ಒಂದು ಬಿಲ್ಲೆ ಕೆತ್ತಿದ. ಅದನ್ನು ಹಿಡಿದು ಒಳಗೆ ಹೋದ. ಹೋದರೆ, ಕೊಪ್ಪರಿಗೆ ಖಾಲಿ! ಅವನ ಬೆಲ್ಲ ಬಂಗಾರದ ಬಣ್ಣಕ್ಕೆ ಇಳಿಯಿತು. ಹೊರಗೆ ಬಂದು ತನ್ನ ಬಿಲ್ಲೆಯನ್ನು ಗೂಟಕ್ಕೆ ಹಾಕಿದ. ಊರೆಲ್ಲ ಭಲೆ ಎಂದಿತು. ಮುದುಕಿಯೊಬ್ಬಳು ಮಾತ್ರ ಗೊಣಗಿದಳು. ಹಳೆಯದು ಸಿಗುವ ತನಕ ನನಗೆ ನಿದ್ದೆ ಬರೋಲ್ಲ ಎಂದಳು. ಅರಳುಮರಳು ಎಂದು ಜನ ನಕ್ಕರು.

ಕೆಲವು ದಿನ ಎಲ್ಲ ಸುಸೂತ್ರ. ಆಮೇಲೆ ಪಾಕ ಸೀದ ರೈತನ ಹೆಂಡತಿ ಅವನ ಪಂಚೆ ಒಗೆಯಲು ತೆಗೆದಳು. ಬಿಲ್ಲೆ ನೆಲಕ್ಕೆ ಬಿತ್ತು. "ಅಯ್ಯೋ, ಕಂಡವರ ಸೊತ್ತು!" ಎಂದು ಗಂಡನನ್ನು ಬೈದು ಓಡಿಸಿದಳು. ಅವನು ಯಾರಿಗೂ ಹೇಳದೆ ಅದನ್ನು ಗೂಟಕ್ಕೆ ಹಾಕಿ ಬಂದ. ಸಾಚಾ ಕೆಲಸವನ್ನೇ ಮಾಡಿದ, ಪಾಪ.

ಅದೇ ದಿನ ಬಿಲ್ಲೆ ಕೆತ್ತಿದ ರೈತ ತನ್ನ ಉಳಿದ ಕಬ್ಬನ್ನು ಅರೆಸಿ ತಂದಿದ್ದ. ವರ್ಷದ ಬೆಳೆಯಲ್ಲಿ ಮುಕ್ಕಾಲು ಪಾಲು ಅದೇ. ಕೈಗೆ ಬಂದ ಬಿಲ್ಲೆ ಹಿಡಿದು ಒಳಗೆ ಹೋದ. ಪಕ್ಕದ ಕೊಪ್ಪರಿಗೆಯಲ್ಲಿ ಆಗಲೇ ಇನ್ನೊಬ್ಬನ ಹಾಲು ಕುದಿಯುತ್ತಿತ್ತು. ಪಾಕ ಎಳೆ ಬರುವ ಹೊತ್ತಿಗೆ ಅಚ್ಚು ತರಲು ಪಕ್ಕದ ಕೋಣೆಗೆ ಹೋದ. ಅಷ್ಟರಲ್ಲಿ ಮೂರನೆಯವನೊಬ್ಬ ಬಿಲ್ಲೆ ತೆಗೆದುಕೊಂಡು ಕೊಡ ಹೊತ್ತು ಬಂದ. ಒಳಗೆಲ್ಲ ಹಬೆ. ಒಂದು ಕೊಪ್ಪರಿಗೆಯ ಮುಂದೆ ಆಳು ಕಂಡಿತು, ಇನ್ನೊಂದರ ಮುಂದೆ ಕಾಣಲಿಲ್ಲ. ಬಿಲ್ಲೆ ಕೈಯಲ್ಲಿದ್ದ ಮೇಲೆ ಅದು ಖಾಲಿಯೇ ಇರಬೇಕು. ಕೊಡವನ್ನು ಬಗ್ಗಿಸಿದ. ಎಳೆ ಬರುತ್ತಿದ್ದ ಪಾಕದ ಮೇಲೆ ಹಸಿ ಹಾಲು ಬಿತ್ತು.

ಅಚ್ಚು ಹೊತ್ತು ಬಂದವನು ಅದನ್ನು ಕಂಡು ಎದೆ ಎದೆ ಬಡಿದುಕೊಂಡ. ಸುರಿದವನ ಕುತ್ತಿಗೆಗೆ ಕೈ ಹಾಕಿದ. "ನಿನ್ನ ಕಣ್ಣು ಇಂಗಿಹೋಗಿದ್ದವೇನೋ ಪಾಪಿ!" ಎಂದ. ಸುರಿದವನು ತನ್ನ ಕೈಯಲ್ಲಿದ್ದ ಬಿಲ್ಲೆಯನ್ನು ಮುಂದೆ ಹಿಡಿದ.

ಬಿಲ್ಲೆಯ ಮೇಲೆ ಮಚ್ಚಿನ ಗುರುತು ಇನ್ನೂ ಹಸಿಯಾಗಿತ್ತು.

ಮೇಷ್ಟ್ರು ಕತೆ ನಿಲ್ಲಿಸಿ ನೀರು ಕುಡಿದರು.

ಯಶೋಧರನಿಗೆ ಆ ಹಿಂದಿನ ಬಾಗಿಲು ಕಣ್ಣ ಮುಂದೆಯೇ ನಿಂತಿತು. ಕೆಲವು ರೋಗಿಗಳಿಗೆ ನಡುವೆ ರಕ್ತದೊತ್ತಡ ಇಳಿದು ಚಿಕಿತ್ಸೆಯನ್ನು ಅರ್ಧಕ್ಕೇ ನಿಲ್ಲಿಸುತ್ತಾರೆ. ಪೂರ್ತಿ ಮುಗಿಸಿದವರು ಅನುಮತಿ ಹಿಂದಿರುಗಿಸುವಂತೆ ಅವನು ಬರೆದಿದ್ದ. ಅರ್ಧಕ್ಕೆ ಎದ್ದವರಿಗೆ ಬರೆದಿರಲಿಲ್ಲ. ಆ ಅನುಮತಿಗಳು ಅವರ ಸೊಂಟದಲ್ಲೇ ಉಳಿದಿದ್ದವು. ಸಂಜೆ ನರ್ಸು ಅವರ ಹೆಸರಿನ ಮುಂದೆ ಗುರುತು ಹಾಕಿ ಅವರ ಲೆಕ್ಕ ಮುಚ್ಚಿದಾಗ ಒಂದೊಂದಾಗಿ ವಾಪಸು ಬರುತ್ತಿದ್ದವು.

ಆದರೂ ಸೋಲೊಪ್ಪಲು ಮನಸ್ಸು ಬರಲಿಲ್ಲ. "ಅವನಿಗೆ ಬೇರೆ ದಾರಿ ಏನಿತ್ತು ಮೇಷ್ಟ್ರೇ? ಹೋದದ್ದು ಒಂದು ಕೊಪ್ಪರಿಗೆ ಬೆಲ್ಲ ತಾನೇ?" ಎಂದ.

"ಅವನದು ಬೆಲ್ಲ ಕಣಯ್ಯಾ. ನಾಳೆ ನೀನು ಕೆತ್ತಿದ ಬಿಲ್ಲೆ ಹಿಡಿದು ಬಂದವನು ಯಂತ್ರ ತೊಳೆ ಎಂದಾಗ, ಅದರೊಳಗೆ ಹರಿಯುತ್ತಿರುವುದು ನಿನ್ನ ಮಾವನ ರಕ್ತವೋ ಅಲ್ಲವೋ ಎಂದು ಇಣುಕಿ ನೋಡುವವರು ಯಾರು?"