ಸಾಕೇಳಿ ಕೆರೆ

ಕೊಡೆಕಲ್ಲು ಘಾಟಿಯ ನೆತ್ತಿಯಲ್ಲಿ, ಈಗಿನ ಅಭಯಾರಣ್ಯದ ನಡುವೆ, ಸಾಕೇಳಿ ಎಂಬ ಕೆರೆಯಿದೆ. ಅರಣ್ಯ ಇಲಾಖೆಯ ಫಲಕ ಓದಿದವರು ಯಾವುದೋ ದೇವಿಯ ಹೆಸರಿರಬೇಕೆಂದು ಕೈ ಮುಗಿಯುವುದುಂಟು. ಅದನ್ನು ಕಂಡರೆ ಘಾಟಿಯ ಕೆಳಗಿನ ಊರಿನವರಿಗೆ ನಗು. ಒಬ್ಬ ಮುದುಕಿ ರೋಸಿಹೋಗಿ ಆಡಿದ ಮಾತದು ಎನ್ನುತ್ತಾರೆ ಅವರು.

ಹಿಂದೆ ಒಮ್ಮೆ, ಕರಾವಳಿಯ ಉಪ್ಪು ಹೇರೆತ್ತುಗಳ ಬೆನ್ನೇರಿ ಇದೇ ದಾರಿಯಲ್ಲಿ ಬಯಲುಸೀಮೆಗೆ ಹೋಗುತ್ತಿದ್ದ ಕಾಲದಲ್ಲಿ, ಕೆರೆಯ ಬಳಿ ದ್ಯಾವಕ್ಕನೆಂಬ ವಿಧವೆ ಅರವಟ್ಟಿಗೆ ನಡೆಸುತ್ತಿದ್ದಳು. ದಣಿದು ಬಂದವರಿಗೆ ನೀರು ಮಜ್ಜಿಗೆ ಕೊಡುವಾಗಲೆಲ್ಲ ಅವಳದು ಒಂದೇ ಮಾತು: ಹೊತ್ತು ಇಳಿಯುವುದರೊಳಗೆ ದಂಡೆ ಬಿಡಿ, ಸಂಜೆಯ ನೀರು ಕಾಡಿನದು. ಹೂಂ ಎನ್ನದವರಿಲ್ಲ, ಕೇಳಿದವರೂ ಇಲ್ಲ. ದಂಡೆಯಲ್ಲೇ ಬಿಡಾರ ಹೂಡಿ, ಎತ್ತು ಮೀಯಿಸಿ, ನೀರು ರಾಡಿ ಮಾಡಿ ಹೋಗುವರು. ಹೇಳಿ ಹೇಳಿ ಅವಳ ಗಂಟಲು ಒಣಗಿತ್ತು.

ಒಂದು ಬೇಸಿಗೆ, ಸುತ್ತಲಿನ ಹಳ್ಳಗಳೆಲ್ಲ ಬತ್ತಿದ್ದಾಗ, ಪದುಮಶೆಟ್ಟಿ ಎಂಬ ಉಪ್ಪಿನ ವ್ಯಾಪಾರಿ ಇನ್ನೂರು ಎತ್ತುಗಳೊಂದಿಗೆ ಬಂದು, ಅವು ಸುಧಾರಿಸಿಕೊಳ್ಳಲಿ ಎಂದು ದಂಡೆಯುದ್ದಕ್ಕೂ ಇಳಿದ. ಒಂದು ದಿನವಾಯಿತು, ಎರಡಾಯಿತು. ನೀರಿಗೆ ಬಂದ ಕಾಡುಕೋಣಗಳ ಹಿಂಡು ಒಲೆಯ ಬೆಂಕಿ ಕಂಡು ಹಿಂದೆ ಸರಿಯುತ್ತಿತ್ತು. ಮೂರನೆಯ ಸಂಜೆ ಅವು ಸರಿಯಲಿಲ್ಲ. ದಿಬ್ಬದ ಮೇಲೆ ನಿಂತು ನೆಲ ಕೆರೆಯತೊಡಗಿದವು.

"ಶೆಟ್ರೇ, ಮೂರು ದಿನದಿಂದ ಬಾಯಾರಿದಾವೆ. ಇವತ್ತು ನಿಮ್ಮನ್ನ ತುಳಿದಾದ್ರೂ ನೀರಿಗೆ ಇಳೀತಾವೆ. ಸಾಕು, ಏಳಿ!" ಎಂದಳು ದ್ಯಾವಕ್ಕ.

"ಬೆಳಗ್ಗೆ ಹೊರಡ್ತೀವಿ ಬಿಡು ದ್ಯಾವಕ್ಕ," ಎಂದು ಶೆಟ್ಟಿ ಎಲೆಗೆ ಸುಣ್ಣ ಸವರಿದ.

"ನಿನ್ನೇನೂ ಇದನ್ನೇ ಅಂದಿದ್ರಿ!"

ಅವಳಿಗೆ ತಲೆ ಕೆಟ್ಟುಹೋಯಿತು. ಇನ್ನು ಮನುಷ್ಯರಿಗೆ ಹೇಳಿ ಪ್ರಯೋಜನವಿಲ್ಲವೆಂದು, ಹೇರೆತ್ತುಗಳ ಸಾಲಿನ ಮುಂದೆ ನಡೆಯುವ ಗಂಟೆಯ ಎತ್ತಿನ ಬಳಿಗೇ ಹೋಗಿ ಹಗ್ಗ ಬಿಚ್ಚಿದಳು. "ನೀನಾದ್ರೂ ಕೇಳು ಮಾರಾಯ!" ಎಂದು ಗದರುತ್ತ ಅದನ್ನು ಕೋಡಿಯ ಕೆಳಗಿನ ಬಯಲಿಗೆ ನಡೆಸಿದಳು. ಆ ಗಂಟೆಯ ಸದ್ದು ಹಿಡಿದೇ ನಡೆದು ರೂಢಿಯಾದ, ಕಟ್ಟದೆ ಬಿಟ್ಟಿದ್ದ ಉಳಿದ ಎತ್ತುಗಳೂ ಎದ್ದು ಹಿಂಬಾಲಿಸಿದವು. ಶೆಟ್ಟಿಯೂ ಆಳುಗಳೂ ಬೊಬ್ಬೆ ಹಾಕುತ್ತ ಬೆನ್ನಟ್ಟಿದರು. ಅವರು ಕೋಡಿ ದಾಟುವಷ್ಟರಲ್ಲಿ ಹಿಂದೆ ನೆಲ ಅದುರಿತು. ತಿರುಗಿ ನೋಡಿದರೆ ಚಾಪೆ, ಒಲೆ, ಉಪ್ಪಿನ ಚೀಲ ಎಲ್ಲವನ್ನೂ ತುಳಿದು ಕಾಡುಕೋಣಗಳು ನೀರಿಗಿಳಿದಿದ್ದವು. ಕರುಗಳು ತಲೆಯೆತ್ತದೆ ಕುಡಿಯುತ್ತಿದ್ದವು. "ಈಗಲಾದ್ರೂ ಗೊತ್ತಾಯ್ತಾ?" ಎಂದ ದ್ಯಾವಕ್ಕ, ಗಂಟೆಯ ಎತ್ತಿನ ಹಗ್ಗವನ್ನು ಶೆಟ್ಟಿಯ ಕೈಗೆ ಕೊಟ್ಟಳು.

ಮರುವರ್ಷ ಶೆಟ್ಟಿಯೇ ಎತ್ತುಗಳಿಗೆ ನೀರು ಕುಡಿಯಲೆಂದು ಕೋಡಿಯ ಕೆಳಗೆ ಕಲ್ಲುತೊಟ್ಟಿ ಕಟ್ಟಿಸಿದನಂತೆ. ದಂಡೆಯಲ್ಲಿ ಯಾರಾದರೂ ಕೂತರೆ ಹೇರಿನವರು ತಾವೇ "ಸಾಕು, ಏಳಿ" ಎಂದು ಎಬ್ಬಿಸತೊಡಗಿದರು. ಕೆರೆಗೆ ಅದೇ ಹೆಸರಾಯಿತು. ಇಂದು ಹೋದವರಿಗೂ ಕಾಣುತ್ತದೆ, ಗೊರಸು ಸವೆಸಿದ ಕಲ್ಲುದಾರಿ ಕೆರೆ ಕಂಡೊಡನೆ ದೂರದಿಂದ ಬಳಸಿಕೊಂಡು ತೊಟ್ಟಿಯತ್ತ ಇಳಿಯುವುದು. ದಂಡೆಯ ಕೆಸರಿನಲ್ಲಿ ಕಾಡುಕೋಣ, ಕಡವೆಗಳ ಹೆಜ್ಜೆ ಮಾತ್ರ.